ಕ್ಲಾಮತ್ ಹೊಳೆಯ ಮಕ್ಕಳು

(ಶಾಲೆಯ ಸುವರ್ಣ ಮಹೋತ್ಸವದ ಎರಡನೆಯ ದಿನ ‘ಪರಿಸರ ಮತ್ತು ನಾವು’ ಗೋಷ್ಠಿಯಲ್ಲಿ ಮಾಡಿದ ಭಾಷಣದ ಬರಹ ರೂಪ)



ಒಂದು ಸರಕಾರಿ ಪ್ರೌಢಶಾಲೆ ಐವತ್ತು ವರ್ಷ ಬಾಳಿದೆ ಎಂದರೆ ಅದು ಸಣ್ಣ ಸಂಗತಿಯಲ್ಲ. ಅಜ್ಜ ಕಲಿತ ಬೆಂಚಿನ ಮೇಲೆ ಮೊಮ್ಮಗಳು ಕುಳಿತಿದ್ದಾಳೆ. ಅದಕ್ಕಾಗಿ ನಿಮ್ಮೆಲ್ಲರನ್ನೂ ಅಭಿನಂದಿಸುತ್ತೇನೆ. ಸಮಿತಿಯವರು ನನಗೆ ಪರಿಸರದ ಬಗ್ಗೆ ಮಾತಾಡಲು ಹೇಳಿದ್ದಾರೆ. ಗಿಡ ನೆಡಬೇಕು, ಪ್ಲಾಸ್ಟಿಕ್ ಬಿಡಬೇಕು ಎಂಬ ಮಾತುಗಳನ್ನು ನೀವು ಪ್ರತಿ ಜೂನ್ 5ಕ್ಕೆ ಕೇಳಿಯೇ ಇರುತ್ತೀರಿ. ಸಮಾಜ ವಿಜ್ಞಾನ ಪಾಠ ಮಾಡಿ ನಿವೃತ್ತನಾದ ನನಗೆ ಒಂದು ದುರಭ್ಯಾಸವಿದೆ, ಯಾವ ಮಾತಿಗೂ ಮೊದಲು ನಕಾಶೆ ಬಿಡಿಸುವುದು. ಹಾಗಾಗಿ ಇವತ್ತು ನಿಮ್ಮನ್ನು ದೂರದ ಒಂದು ಹೊಳೆಯ ದಡಕ್ಕೆ ಕರೆದುಕೊಂಡು ಹೋಗುತ್ತೇನೆ. ಆ ಹೊಳೆಯ ಕಥೆಯಲ್ಲಿ ಮೀನು ಇದೆ, ಅಣೆಕಟ್ಟು ಇದೆ, ಕೋರ್ಟು ಇದೆ. ಎಲ್ಲಕ್ಕಿಂತ ಹೆಚ್ಚಾಗಿ ಶಾಲೆ ಇದೆ. ಶಾಲೆಯ ಹಬ್ಬದಲ್ಲಿ ಅದನ್ನು ಹೇಳುವುದಕ್ಕೆ ಅದೇ ಕಾರಣ.

ಅಮೆರಿಕದ ನಕಾಶೆಯನ್ನು ಕಣ್ಣ ಮುಂದೆ ತಂದುಕೊಳ್ಳಿ. ಪಶ್ಚಿಮದ ಅಂಚಿನಲ್ಲಿ, ಪೆಸಿಫಿಕ್ ಸಾಗರಕ್ಕೆ ತಾಗಿ, ಮೇಲೆ ಆರೆಗಾನ್ ರಾಜ್ಯ, ಕೆಳಗೆ ಕ್ಯಾಲಿಫೋರ್ನಿಯಾ. ಆರೆಗಾನಿನ ಸರೋವರಗಳ ಸೀಮೆಯಲ್ಲಿ ಹುಟ್ಟಿ, ಬೆಟ್ಟಸಾಲನ್ನು ಸೀಳಿಕೊಂಡು, ಕ್ಯಾಲಿಫೋರ್ನಿಯಾದ ದಟ್ಟ ಕಾಡಿನ ನಡುವೆ ಹರಿದು ಸಮುದ್ರ ಸೇರುವ ಹೊಳೆಯ ಹೆಸರು ಕ್ಲಾಮತ್. ಉದ್ದ ಸುಮಾರು 414 ಕಿಲೋಮೀಟರು, ನಮ್ಮ ತುಂಗಭದ್ರೆಗಿಂತ ಚಿಕ್ಕದು. ಅದು ಸಮುದ್ರ ಸೇರುವ ಕಡೆ ರೆಡ್‌ವುಡ್ ಎಂಬ ಮರಗಳ ಕಾಡಿದೆ. ಅವುಗಳಲ್ಲಿ ಕೆಲವು ನೂರು ಮೀಟರಿಗೂ ಎತ್ತರ ಬೆಳೆಯುತ್ತವೆ. ಜಗತ್ತಿನಲ್ಲಿ ಅದಕ್ಕಿಂತ ಎತ್ತರದ ಮರಗಳಿಲ್ಲ.

ಈ ಹೊಳೆಯ ಉದ್ದಕ್ಕೂ ಹಲವು ಮೂಲನಿವಾಸಿ ಜನಾಂಗಗಳಿವೆ. ಮೇಲೆ, ಸರೋವರದ ಬಳಿ ಕ್ಲಾಮತ್ ಮತ್ತು ಮೊಡಾಕ್ ಜನ. ನಡುವೆ ಶಾಸ್ತಾ ಜನ, ಆಮೇಲೆ ಕರುಕ್ ಜನ. ಟ್ರಿನಿಟಿ ಎಂಬ ಉಪನದಿಯ ಕಣಿವೆಯಲ್ಲಿ ಹೂಪಾ ಜನ. ಕೆಳಗೆ, ಸಮುದ್ರದವರೆಗೆ ಯುರೋಕ್ ಜನ. ಯುರೋಕರ ಸಂಖ್ಯೆ ಇಂದು ಆರು ಸಾವಿರಕ್ಕೂ ಹೆಚ್ಚು. ಇಷ್ಟು ಚಿಕ್ಕ ಸಮುದಾಯವೇ ಕ್ಯಾಲಿಫೋರ್ನಿಯಾದ ಅತಿ ದೊಡ್ಡ ಮೂಲನಿವಾಸಿ ಬುಡಕಟ್ಟು.

ಮಕ್ಕಳೇ, ಈ ಹೆಸರುಗಳನ್ನೇ ಸ್ವಲ್ಪ ನೋಡಿ. ‘ಕರುಕ್’ ಎಂದರೆ ಆ ಭಾಷೆಯಲ್ಲಿ ‘ಹೊಳೆಯ ಮೇಲ್ಗಡೆ’. ‘ಯುರುಕ್’ ಎಂದರೆ ‘ಹೊಳೆಯ ಕೆಳಗಡೆ’. ಜನರ ಹೆಸರೇ ಹೊಳೆಯ ದಿಕ್ಕು! ನಮ್ಮ ಹಿರಿಯರು ಸೂರ್ಯ ಮೂಡುವ ಕಡೆಯನ್ನು ಮೂಡಣ ಎಂದರು, ಪಡುವ ಕಡೆಯನ್ನು ಪಡುವಣ ಎಂದರು. ನಮಗೆ ದಿಕ್ಕು ಕೊಟ್ಟವನು ಸೂರ್ಯ. ಅವರಿಗೆ ದಿಕ್ಕು ಕೊಟ್ಟದ್ದು ಹೊಳೆ. ಪೂರ್ವ, ಪಶ್ಚಿಮ ಎನ್ನುವ ಬದಲು ಅವರು ಹೊಳೆಯ ಮೇಲಕ್ಕೆ, ಹೊಳೆಯ ಕೆಳಕ್ಕೆ, ಹೊಳೆಯ ಕಡೆಗೆ, ಹೊಳೆಯಿಂದ ದೂರಕ್ಕೆ ಎಂದು ದಾರಿ ಹೇಳುತ್ತಾರೆ. ಹೊಳೆ ಇಲ್ಲದಿದ್ದರೆ ಆ ಭಾಷೆಯಲ್ಲಿ ಪಕ್ಕದ ಮನೆಗೂ ದಾರಿ ಹೇಳುವುದು ಕಷ್ಟ. ಬಾಂಧವ್ಯ ಎಂಬ ಮಾತನ್ನು ನಾವು ಭಾಷಣದಲ್ಲಿ ಹಗುರವಾಗಿ ಬಳಸುತ್ತೇವೆ. ಅಲ್ಲಿ ಅದು ದಿನನಿತ್ಯದ ವ್ಯಾಕರಣ.

ಆ ಹೊಳೆಯ ಸಂಪತ್ತು ಸಾಲ್ಮನ್ ಮೀನು. ಮಲೆನಾಡಿನವರಿಗೆ ಹತ್ತುಮೀನು ಗೊತ್ತಿರುತ್ತದೆ. ಮುಂಗಾರಿನ ಮೊದಲ ನೆರೆಗೆ ಹೊಳೆಯಿಂದ ಹಳ್ಳ ಹತ್ತಿ ಗದ್ದೆಯವರೆಗೂ ಬಂದು ಮೊಟ್ಟೆಯಿಡುವ ಮೀನು. ಸಾಲ್ಮನ್ ಮೀನಿನದು ಇದೇ ಸ್ವಭಾವ, ಆದರೆ ಪ್ರಯಾಣ ಬಹಳ ದೊಡ್ಡದು. ಹೊಳೆಯ ತಲೆಯ ಕಡೆ, ತಣ್ಣನೆಯ ನೀರಿನ ಜಲ್ಲಿಕಲ್ಲುಗಳ ನಡುವೆ ಅದು ಹುಟ್ಟುತ್ತದೆ. ಮರಿ ಬಲಿತ ಮೇಲೆ ಕೆಳಗಿಳಿದು ಸಮುದ್ರ ಸೇರುತ್ತದೆ. ಕೆಲವು ವರ್ಷ ಸಮುದ್ರದಲ್ಲಿ ಬೆಳೆದು, ಹುಟ್ಟಿದ ನೀರಿನ ವಾಸನೆಯನ್ನು ನೆನಪಿಟ್ಟು, ಅದೇ ಹೊಳೆಗೆ ಮರಳಿ ಪ್ರವಾಹಕ್ಕೆ ಎದುರಾಗಿ ಈಜುತ್ತದೆ. ಮೊಟ್ಟೆಯಿಟ್ಟು ಸಾಯುತ್ತದೆ. ಸತ್ತ ಮೀನನ್ನು ಕರಡಿ, ಹದ್ದುಗಳು ತಿನ್ನುತ್ತವೆ, ಉಳಿದದ್ದು ದಡದ ಮರಗಳಿಗೆ ಗೊಬ್ಬರವಾಗುತ್ತದೆ. ಅಂದರೆ ಸಮುದ್ರದ ಸಾರವನ್ನು ಬೆಟ್ಟದ ಕಾಡಿಗೆ ಹೊತ್ತು ತರುವ ಕೂಲಿಯಾಳು ಈ ಮೀನು. ಅಮೆರಿಕದ ಪಶ್ಚಿಮ ಕರಾವಳಿಯಲ್ಲಿ ಸಾಲ್ಮನ್ ಹೆಚ್ಚಾಗಿದ್ದ ಹೊಳೆಗಳಲ್ಲಿ ಕ್ಲಾಮತ್ ಒಂದು ಕಾಲಕ್ಕೆ ಮೂರನೆಯ ಸ್ಥಾನದಲ್ಲಿತ್ತು.

ಇನ್ನೊಂದು ವಿಷಯ. ಅಣೆಕಟ್ಟು ಕಟ್ಟುವುದು ಬಿಳಿಯರು ಬಂದ ಮೇಲೆ ಶುರುವಾಯಿತು ಎಂದುಕೊಳ್ಳಬೇಡಿ. ಯುರೋಕ್ ಜನರೂ ಹೊಳೆಗೆ ಒಡ್ಡು ಕಟ್ಟುತ್ತಿದ್ದರು. ಕೆಪೆಲ್ ಎಂಬಲ್ಲಿ ಪ್ರತಿ ವರ್ಷ ಬೇಸಿಗೆಯ ಕೊನೆಗೆ ಊರೂರಿನವರು ಸೇರಿ, ಮರದ ಗೂಟ ನೆಟ್ಟು, ತಡಿಕೆ ಹೆಣೆದು, ಹೊಳೆಗೆ ಅಡ್ಡಲಾಗಿ ಮೀನಿನ ಒಡ್ಡು ಕಟ್ಟುತ್ತಿದ್ದರು. ಅದಕ್ಕೆ ಪೂಜೆಯಿತ್ತು, ನೇಮವಿತ್ತು, ಮುಂದಾಳುವಿದ್ದ. ಮೀನು ಹಿಡಿಯುವುದು ಸುಮಾರು ಹತ್ತು ದಿನ ಮಾತ್ರ. ನಡುನಡುವೆ ಬಾಗಿಲು ತೆರೆದು ಮೀನನ್ನು ಮೇಲಕ್ಕೆ ಬಿಡುವ ಕ್ರಮವೂ ಇತ್ತು. ಹತ್ತು ದಿನದ ಮೇಲೆ ಇಡೀ ಒಡ್ಡನ್ನು ತಾವೇ ಕಿತ್ತುಹಾಕುತ್ತಿದ್ದರು. ಏಕೆಂದರೆ ಮೇಲ್ಗಡೆಯೂ ಮನುಷ್ಯರಿದ್ದಾರೆ, ಮತ್ತು ಮೇಲೆ ಹೋದ ಮೀನು ಮೊಟ್ಟೆಯಿಟ್ಟರೆ ಮಾತ್ರ ಮುಂದೆಯೂ ಮೀನು ಬರುತ್ತದೆ. ಕೈಗೆ ಸಿಕ್ಕಿದ್ದನ್ನೆಲ್ಲ ಹಿಡಿಯಬಲ್ಲವರು ಹತ್ತು ದಿನಕ್ಕೆ ಸಾಕು ಎನ್ನುತ್ತಿದ್ದರು. ಯಾವಾಗ ನಿಲ್ಲಿಸಬೇಕು ಎಂಬುದೇ ಅವರ ದೊಡ್ಡ ವಿದ್ಯೆ.

ಈ ವಿದ್ಯೆ ಮುರಿದದ್ದು ಹೇಗೆ? ಕ್ಯಾಲಿಫೋರ್ನಿಯಾದಲ್ಲಿ 1848ರಲ್ಲಿ ಚಿನ್ನ ಸಿಕ್ಕಿತು. 1850ರ ಹೊತ್ತಿಗೆ ಚಿನ್ನ ಅಗೆಯುವವರು ಕ್ಲಾಮತ್ ಕಣಿವೆಗೂ ನುಗ್ಗಿದರು. ಜೊತೆಗೆ ರೋಗ ಬಂತು, ಕೊಲೆ ಬಂತು. 1851ರಲ್ಲಿ ಸರಕಾರದ ಪ್ರತಿನಿಧಿಗಳು ಇಲ್ಲಿನ ಜನರೊಡನೆ ಒಪ್ಪಂದ ಮಾಡಿಕೊಂಡರು. ಕ್ಯಾಲಿಫೋರ್ನಿಯಾದಲ್ಲಿ ಹಾಗೆ ಮಾಡಿಕೊಂಡ ಹದಿನೆಂಟು ಒಪ್ಪಂದಗಳಲ್ಲಿ ಒಂದನ್ನೂ ಅಮೆರಿಕದ ಸೆನೆಟ್ ಅಂಗೀಕರಿಸಲಿಲ್ಲ. ಕಾಗದಗಳನ್ನು 1905ರವರೆಗೆ ಗುಟ್ಟಾಗಿ ಇಡಲಾಯಿತು. 1855ರಲ್ಲಿ ಹೊಳೆಯ ದಡದಲ್ಲಿ ಮೀಸಲು ಪ್ರದೇಶ ಘೋಷಿಸಿದರು. ಸಮುದ್ರದಿಂದ ಮೇಲಕ್ಕೆ ಹೊಳೆಯ ಇಕ್ಕೆಲದಲ್ಲಿ ತಲಾ ಒಂದೊಂದು ಮೈಲಿಯ ಪಟ್ಟಿ. ಆಮೇಲೆ ಜಮೀನು ಹಂಚಿಕೆಯ ಕಾನೂನು ತಂದು, ಕುಟುಂಬಕ್ಕಿಷ್ಟು ಎಂದು ತುಂಡು ಮಾಡಿ, ‘ಉಳಿದದ್ದನ್ನು’ 1892ರಲ್ಲಿ ಹೊರಗಿನವರಿಗೆ ತೆರೆದರು. ಕಾಡಿನ ಹೆಚ್ಚಿನ ಭಾಗ ಮರದ ಕಂಪನಿಗಳ ಪಾಲಾಯಿತು. ಸ್ವಂತ ಹೊಳೆಯಲ್ಲಿ ಬಲೆ ಹಾಕುವುದೂ ಅಪರಾಧವಾಯಿತು. 1969ರಲ್ಲಿ ರೇಮಂಡ್ ಮಾಟ್ಜ್ ಎಂಬ ಯುರೋಕ್ ಮೀನುಗಾರನ ಬಲೆಗಳನ್ನು ಅಧಿಕಾರಿಗಳು ಕಿತ್ತುಕೊಂಡರು. ಆತ ಸುಮ್ಮನಿರಲಿಲ್ಲ. ಬಲೆಯ ಆ ಮೊಕದ್ದಮೆ ಅಮೆರಿಕದ ಸುಪ್ರೀಂ ಕೋರ್ಟಿನವರೆಗೂ ಹೋಯಿತು. 1973ರಲ್ಲಿ ಕೋರ್ಟು, ಈ ಮೀಸಲು ಪ್ರದೇಶ ಈಗಲೂ ಮೂಲನಿವಾಸಿಗಳದ್ದೇ, ಅದು ರದ್ದಾಗಿಲ್ಲ ಎಂದು ತೀರ್ಪು ಕೊಟ್ಟಿತು.

ಈಗ ನಾನು ಹೇಳಲು ಬಂದ ಮುಖ್ಯ ಸಂಗತಿಗೆ ಬರುತ್ತೇನೆ. ಜಮೀನು ಕಿತ್ತುಕೊಂಡರೆ ಕೋರ್ಟಿಗೆ ಹೋಗಬಹುದು. ಬಲೆ ಕಿತ್ತುಕೊಂಡರೂ ಹೋಗಬಹುದು. ಮಕ್ಕಳ ನೆನಪನ್ನೇ ಕಿತ್ತುಕೊಂಡರೆ ಯಾವ ಕೋರ್ಟಿಗೆ ಹೋಗುವುದು? ಹತ್ತೊಂಬತ್ತನೆಯ ಶತಮಾನದ ಕೊನೆಯಿಂದ ಅಮೆರಿಕದ ಸರಕಾರ ಮೂಲನಿವಾಸಿ ಮಕ್ಕಳನ್ನು ವಸತಿ ಶಾಲೆಗಳಿಗೆ ಕಳಿಸಿತು. ನಮ್ಮಲ್ಲಿ ವಸತಿ ಶಾಲೆ ಎಂದರೆ ಬಡವರ ಮಕ್ಕಳಿಗೆ ಸಿಗುವ ಒಳ್ಳೆಯ ಅವಕಾಶ. ಅಲ್ಲಿ ಅದರ ಉದ್ದೇಶ ಬೇರೆಯಿತ್ತು. ಕ್ಲಾಮತ್ ಕಣಿವೆಯ ಮಕ್ಕಳನ್ನು ಹತ್ತಿರದ ಹೂಪಾ ಕಣಿವೆಗೆ ಕಳಿಸಿದರು. ಕೆಲವರನ್ನು ಆರೆಗಾನಿನ ಚೆಮಾವಾ ಎಂಬಲ್ಲಿಗೆ, ಇನ್ನು ಕೆಲವರನ್ನು ಕ್ಯಾಲಿಫೋರ್ನಿಯಾದ ದಕ್ಷಿಣ ತುದಿಯ ಕಡೆಯ ಶರ್ಮನ್ ಶಾಲೆಗೆ. ಮನೆಮಾತು ಆಡಿದರೆ ಶಿಕ್ಷೆ. ಕೂದಲು ಕತ್ತರಿಸಿ, ಹೆಸರು ಬದಲಿಸಿ, ಹೊಳೆಯಿಂದ ದೂರ ಇಟ್ಟರು. ಯಾವ ತಿಂಗಳಲ್ಲಿ ಯಾವ ಮೀನು ಬರುತ್ತದೆ, ಒಡ್ಡು ಯಾವಾಗ ಕಟ್ಟಬೇಕು, ಯಾವಾಗ ಕಿತ್ತುಹಾಕಬೇಕು ಎಂದು ಕಲಿಯಬೇಕಾದ ವಯಸ್ಸಿನಲ್ಲಿ ಆ ಮಕ್ಕಳು, ತಮ್ಮ ತಾಯಿ ತಂದೆಗೆ ಏನೂ ಗೊತ್ತಿಲ್ಲ ಎಂಬುದನ್ನು ಕಲಿತರು. ಅಂಥ ಶಾಲೆಗಳಿಂದ ಬಂದವರಲ್ಲಿ ಅನೇಕರು ತಮ್ಮ ಮಕ್ಕಳೊಂದಿಗೆ ಮನೆಮಾತು ಆಡಲೇ ಇಲ್ಲ. ತಾವು ತಿಂದ ಏಟು ಮಕ್ಕಳು ತಿನ್ನಬಾರದು ಎಂಬ ಪ್ರೀತಿಯಿಂದಲೇ ಆಡಲಿಲ್ಲ.

ಅದೇ ಕಾಲದಲ್ಲಿ ಹೊಳೆಗೂ ಗೋಡೆ ಬಿತ್ತು. 1918ರಿಂದ 1962ರ ನಡುವೆ ಕ್ಲಾಮತ್ ಹೊಳೆಗೆ ನಾಲ್ಕು ಜಲವಿದ್ಯುತ್ ಅಣೆಕಟ್ಟುಗಳನ್ನು ಕಟ್ಟಿದರು: ಕಾಪ್ಕೊ ಒಂದು, ಕಾಪ್ಕೊ ಎರಡು, ಜೆ.ಸಿ. ಬಾಯ್ಲ್, ಐರನ್ ಗೇಟ್. ಈ ಶಾಲೆಗೆ ಬುನಾದಿ ಹಾಕುವ ಹೊತ್ತಿಗೆ ಅಲ್ಲಿ ನಾಲ್ಕೂ ನಿಂತಿದ್ದವು. ಮೀನು ಹತ್ತಿ ಹೋಗಲು ಸರಿಯಾದ ದಾರಿ ಬಿಡಲಿಲ್ಲ. ಸುಮಾರು 640 ಕಿಲೋಮೀಟರಿನಷ್ಟು ಹೊಳೆ ಹಳ್ಳಗಳಿಗೆ ಸಾಲ್ಮನ್ ಹೋಗುವುದೇ ನಿಂತಿತು. ಮೇಲ್ಗಡೆಯ ಕ್ಲಾಮತ್ ಜನರಿಗೆ 1864ರ ಒಪ್ಪಂದದಲ್ಲಿ ಮೀನು ಹಿಡಿಯುವ ಹಕ್ಕು ಸಿಕ್ಕಿತ್ತು. ಆದರೆ ಹಕ್ಕು ಕಾಗದದಲ್ಲಿ, ಮೀನು ಗೋಡೆಯ ಆಚೆ. ಒಂದು ಶತಮಾನಕ್ಕೂ ಹೆಚ್ಚು ಕಾಲ ಅವರ ಹೊಳೆಗೆ ಸಾಲ್ಮನ್ ಬರಲೇ ಇಲ್ಲ. ಕೆಳಗೂ ಸುಖವಿರಲಿಲ್ಲ. ನಿಂತ ನೀರು ಬೇಸಿಗೆಯಲ್ಲಿ ಬಿಸಿಯಾಗಿ, ವಿಷಕಾರಿ ಪಾಚಿ ಹಸಿರಾಗಿ ಹಬ್ಬುತ್ತಿತ್ತು.

2001ರಲ್ಲಿ ಬರ ಬಂತು. ಹೊಳೆಯ ತಲೆಯ ಕಡೆ ನೀರಾವರಿಯ ದೊಡ್ಡ ಯೋಜನೆಯೊಂದಿದೆ. ಮೀನುಗಳನ್ನು ಉಳಿಸಲು ಸರಕಾರ ಆ ವರ್ಷ ಸಾವಿರಕ್ಕೂ ಹೆಚ್ಚು ರೈತ ಕುಟುಂಬಗಳಿಗೆ ಕಾಲುವೆ ನೀರು ನಿಲ್ಲಿಸಿತು. ಆ ರೈತರೂ ಯಾರದ್ದೋ ಜಮೀನು ಕಸಿದ ದುಷ್ಟರಲ್ಲ. ಅವರಲ್ಲಿ ಅನೇಕರ ಹಿರಿಯರು ಎರಡು ಮಹಾಯುದ್ಧಗಳಿಂದ ಮರಳಿ ಬಂದ ಸೈನಿಕರು. ಸರಕಾರವೇ ಕರೆದು ಜಮೀನು ಕೊಟ್ಟಿತ್ತು, ನೀರು ಕೊಡುತ್ತೇನೆ ಎಂದಿತ್ತು. ಒಂದೇ ನೀರನ್ನು ಮೂವರಿಗೆ ಕೊಡುತ್ತೇನೆ ಎಂದು ಹೇಳಿಟ್ಟರೆ ಆಗುವುದೇ ಇದು. ಬೆಳೆ ಒಣಗಿತು, ರೈತರು ಬೀದಿಗಿಳಿದರು. ಮರುವರ್ಷ, 2002ರಲ್ಲಿ, ಕಾಲುವೆಗೆ ನೀರು ಬಿಟ್ಟರು, ಹೊಳೆ ಸೊರಗಿತು. ಆ ಸೆಪ್ಟೆಂಬರಿನಲ್ಲಿ ಸಮುದ್ರದಿಂದ ಬಂದ ಸಾಲ್ಮನ್ ಮೀನುಗಳು ಕಡಿಮೆ ನೀರಿನಲ್ಲಿ, ಬಿಸಿ ನೀರಿನಲ್ಲಿ ಒತ್ತೊತ್ತಾಗಿ ಸಿಕ್ಕಿಕೊಂಡವು. ಕಿವಿರಿಗೆ ರೋಗ ತಗುಲಿತು. ಸರಕಾರದ ಲೆಕ್ಕದಲ್ಲೇ ಕನಿಷ್ಠ 34 ಸಾವಿರ ದೊಡ್ಡ ಮೀನುಗಳು ಯುರೋಕರ ಊರುಗಳ ಮುಂದೆ ಸತ್ತು ತೇಲಿದವು. ಅಂದು ಆ ದಡದಲ್ಲಿ ನಿಂತು ನೋಡಿದ ಮಕ್ಕಳೇ ಮುಂದೆ ಹೋರಾಟಕ್ಕಿಳಿದರು.

ಹೋರಾಟ ಹೇಗೆ ನಡೆಯಿತು ಎಂಬುದನ್ನು ಮಕ್ಕಳು ಗಮನಿಸಬೇಕು. ಕಲ್ಲು ತೂರಲಿಲ್ಲ. ಅಣೆಕಟ್ಟುಗಳು ಆಗ ಸ್ಕಾಟ್ಲೆಂಡಿನ ಕಂಪನಿಯೊಂದರ ಕೈಯಲ್ಲಿದ್ದವು. 2004ರಲ್ಲಿ ಈ ಜನ ಎಡಿನ್‌ಬರೋ ನಗರಕ್ಕೆ ಹೋಗಿ ಕಂಪನಿಯ ಷೇರುದಾರರ ಸಭೆಯ ಬಾಗಿಲಲ್ಲಿ ನಿಂತರು. ಸ್ಕಾಟ್ಲೆಂಡಿನವರಿಗೂ ಸಾಲ್ಮನ್ ಎಂದರೆ ಪ್ರಾಣ. ‘ನಿಮ್ಮ ಹೊಳೆಯಲ್ಲಿ ಮಾಡದ್ದನ್ನು ನಮ್ಮ ಹೊಳೆಯಲ್ಲಿ ಏಕೆ ಮಾಡುತ್ತೀರಿ’ ಎಂಬ ಪ್ರಶ್ನೆ ಅಲ್ಲಿಯ ಜನಕ್ಕೆ ತಟ್ಟನೆ ಅರ್ಥವಾಯಿತು. ಕಂಪನಿ ಅಮೆರಿಕದ ಇನ್ನೊಬ್ಬ ಒಡೆಯನಿಗೆ ಮಾರಾಟವಾದ ಮೇಲೆ ಒಮಾಹಾ ನಗರದ ಸಭೆಗೂ ಹೋದರು. ಜೊತೆಗೆ ವಿಜ್ಞಾನ ಕಲಿತರು. ತಮ್ಮದೇ ಮೀನುಗಾರಿಕೆ ಇಲಾಖೆ ಕಟ್ಟಿಕೊಂಡು ನೀರಿನ ಉಷ್ಣತೆ ಅಳೆದರು, ಮೀನು ಎಣಿಸಿದರು, ಪಾಚಿಯ ವಿಷ ಪರೀಕ್ಷೆ ಮಾಡಿಸಿದರು. ಕಾನೂನು ಓದಿ ವಕೀಲರಾದರು.

ಇನ್ನು ಆ ಅಣೆಕಟ್ಟುಗಳಿಗೂ ಐವತ್ತರ ಲೆಕ್ಕವೊಂದಿತ್ತು. ಅವುಗಳಿಗಿದ್ದ ಐವತ್ತು ವರ್ಷದ ಪರವಾನಗಿ 2006ಕ್ಕೆ ಮುಗಿಯಿತು. ಹೊಸ ಪರವಾನಗಿ ಬೇಕಾದರೆ ಮೀನು ಹತ್ತುವ ಮೆಟ್ಟಿಲು ಕಟ್ಟಬೇಕು ಎಂದು ಸರಕಾರದ ಇಲಾಖೆಗಳು ಷರತ್ತು ಹಾಕಿದವು. ಲೆಕ್ಕ ಹಾಕಿದರೆ ಮೆಟ್ಟಿಲು ಕಟ್ಟುವುದಕ್ಕಿಂತ ಅಣೆಕಟ್ಟು ತೆಗೆಯುವುದೇ ಕಂಪನಿಗೆ ಅಗ್ಗ ಎಂದಾಯಿತು. ನಾಲ್ಕೂ ಸೇರಿ ಕೊಡುತ್ತಿದ್ದ ವಿದ್ಯುತ್ತು ಕಂಪನಿಯ ಒಟ್ಟು ಉತ್ಪಾದನೆಯ ಶೇಕಡಾ 2ಕ್ಕಿಂತ ಕಡಿಮೆ. ನೀರಾವರಿಗೆ ಆ ನಾಲ್ಕರಿಂದ ಹನಿ ನೀರೂ ಹೋಗುತ್ತಿರಲಿಲ್ಲ. ಆದ್ದರಿಂದ ನ್ಯಾಯ ಒಂದೇ ಗೆದ್ದಿತು ಎಂದು ನಾನು ನಿಮಗೆ ಹೇಳುವುದಿಲ್ಲ. ನ್ಯಾಯ ಬಾಗಿಲ ಬಳಿ ಬಹಳ ವರ್ಷ ಬಿಡದೆ ಕಾದಿತ್ತು, ಲೆಕ್ಕ ಬಂದು ಬಾಗಿಲು ತೆರೆಯಿತು. ಕಾಯುವವರೇ ಇಲ್ಲದಿದ್ದರೆ ಬಾಗಿಲು ತೆರೆದೂ ಪ್ರಯೋಜನವಿರುತ್ತಿರಲಿಲ್ಲ.

ಆಗಲೂ ವರ್ಷಗಳು ಹಿಡಿದವು. 2010ರಲ್ಲಿ ಒಪ್ಪಂದವಾಯಿತು, ಸಂಸತ್ತು ಅದಕ್ಕೆ ಬೇಕಾದ ಕಾನೂನು ಮಾಡಲಿಲ್ಲ. 2016ರಲ್ಲಿ ಒಪ್ಪಂದವನ್ನು ತಿದ್ದಿ ಮತ್ತೆ ಮುಂದುವರಿದರು. ಜಲಾಶಯದ ದಡದಲ್ಲಿ ಮನೆ ಕಟ್ಟಿಕೊಂಡವರು ವಿರೋಧಿಸಿದರು, ಅವರ ನಷ್ಟವೂ ನಿಜವೇ. ಕೊನೆಗೆ 2022ರ ನವೆಂಬರಿನಲ್ಲಿ ಅನುಮತಿ ಸಿಕ್ಕಿತು. 2023ರಲ್ಲಿ ಚಿಕ್ಕದನ್ನು ತೆಗೆದರು. 2024ರ ಜನವರಿಯಲ್ಲಿ ಉಳಿದ ಜಲಾಶಯಗಳನ್ನು ಬರಿದು ಮಾಡಿದರು. ಸುಮಾರು 45 ಕೋಟಿ ಡಾಲರುಗಳ ಆ ಯೋಜನೆಯಲ್ಲಿ 2024ರ ಅಕ್ಟೋಬರ್ ಮೊದಲ ವಾರದ ಹೊತ್ತಿಗೆ ನಾಲ್ಕೂ ಗೋಡೆಗಳು ಹೋಗಿದ್ದವು. ನೀರಿನಡಿಯಿಂದ ಎದ್ದ ಸುಮಾರು 2,200 ಎಕರೆ ಬರಡು ಕೆಸರಿನ ಮೇಲೆ ಊರಿನದೇ ಹುಲ್ಲು, ಹೂವು, ಮರಗಳ ಬೀಜ ಬಿತ್ತಿದರು. ಅದಕ್ಕೆ ಬೇಕಾದ ಬೀಜವನ್ನು ಮೊದಲು ಆರಿಸಿದ್ದು, ಆಮೇಲೆ ಬಿತ್ತಿದ್ದು ಯುರೋಕ್ ತಂಡದವರು. ಅಕ್ಟೋಬರ್ 16ರಂದು, ತೆಗೆದ ಅಣೆಕಟ್ಟುಗಳೆಲ್ಲದರ ಮೇಲ್ಗಡೆ, ಆರೆಗಾನಿನ ಒಂದು ಉಪಹಳ್ಳದಲ್ಲಿ ಸಾಲ್ಮನ್ ಕಾಣಿಸಿತು. ಆರೆಗಾನಿನ ಕ್ಲಾಮತ್ ಸೀಮೆಯಲ್ಲಿ ಅಂಥ ಮೀನು ಕಂಡದ್ದು 1912ರಿಂದ ಈಚೆಗೆ ಅದೇ ಮೊದಲು. ಗೋಡೆಗಳು ಹೋಗಿ ಹೆಚ್ಚು ದಿನ ಕಳೆದಿರಲಿಲ್ಲ. ಯಾರೂ ದಾರಿ ತೋರಿಸಲಿಲ್ಲ, ಮೀನು ತಾನೇ ಹುಡುಕಿಕೊಂಡು ಹೋಯಿತು.

ಇಲ್ಲಿಗೆ ಕಥೆ ಸುಖಾಂತ್ಯವಾಯಿತು ಎಂದು ಚಪ್ಪಾಳೆ ಹೊಡೆಯಬೇಡಿ. ನೀರು ಬಿಟ್ಟ ಮೇಲೆ ಕೆಸರು ಹರಿದು ಬಹಳ ಮೀನು ಸತ್ತವು. ಸಾಕಣೆ ಕೇಂದ್ರದಿಂದ ಬಿಟ್ಟ ಲಕ್ಷಾಂತರ ಮರಿಗಳು ಅಣೆಕಟ್ಟಿನ ಸುರಂಗ ದಾಟುವಾಗ ಸತ್ತವು. ಮೇಲ್ಗಡೆ ಇನ್ನೂ ಎರಡು ಕಟ್ಟೆಗಳಿವೆ, ಅವು ನೀರಾವರಿಗೆ ಸೇರಿದವು. ಬರ ಬಂದರೆ ರೈತರಿಗೆಷ್ಟು, ಹೊಳೆಗೆಷ್ಟು ಎಂಬ ಜಗಳ ಹಾಗೇ ಇದೆ. ಸಮುದ್ರದಲ್ಲೂ ಸಾಲ್ಮನ್ ಕಡಿಮೆಯಾಗಿದೆ. 2023ರಿಂದ ಮೂರು ವರ್ಷ ಕ್ಯಾಲಿಫೋರ್ನಿಯಾದ ಕರಾವಳಿಯಲ್ಲಿ ವ್ಯಾಪಾರಕ್ಕಾಗಿ ಸಾಲ್ಮನ್ ಹಿಡಿಯುವುದನ್ನೇ ನಿಲ್ಲಿಸಿದ್ದರು. ಆದರೂ ಕೈಗೆ ಬಂದದ್ದು ಕಡಿಮೆಯೇನಲ್ಲ. 2025ರ ಜೂನ್‌ನಲ್ಲಿ ಬ್ಲೂ ಕ್ರೀಕ್ ಎಂಬ ಉಪಹೊಳೆಯ ಸುತ್ತಲಿನ ಭೂಮಿ ಪೂರ್ತಿಯಾಗಿ ಯುರೋಕರ ಕೈಗೆ ಮರಳಿತು. ಹಂತ ಹಂತವಾಗಿ ಬಂದ ಒಟ್ಟು ವಿಸ್ತೀರ್ಣ ಸುಮಾರು 47 ಸಾವಿರ ಎಕರೆ. ನೂರಕ್ಕೂ ಹೆಚ್ಚು ವರ್ಷ ಮರದ ಕಂಪನಿಗಳ ಕೈಯಲ್ಲಿದ್ದ ಕಾಡು. ಬ್ಲೂ ಕ್ರೀಕಿನ ನೀರು ಬೇಸಿಗೆಯಲ್ಲೂ ತಣ್ಣಗಿರುತ್ತದೆ. ಮೇಲೇರುವ ಮೀನು ಬಿಸಿ ಹೊಳೆಯಲ್ಲಿ ಬಳಲಿ ಅಲ್ಲಿ ನಿಂತು ದಣಿವಾರಿಸಿಕೊಳ್ಳುತ್ತದೆ. ನಮ್ಮ ದಾರಿಬದಿಯ ಅರವಟ್ಟಿಗೆ ಇದ್ದ ಹಾಗೆ. ಅರವಟ್ಟಿಗೆ ಉಳಿಯಬೇಕಾದರೆ ಅದರ ಮೇಲಿನ ನೆರಳು ಉಳಿಯಬೇಕು. ಕಾಡು ಬೇಕೆಂದು ಅವರು ಕೇಳಿದ್ದು ಅದಕ್ಕಾಗಿ.

ಈಗ ಮತ್ತೆ ಶಾಲೆಗೆ ಬರೋಣ. ಯುರೋಕ್ ಭಾಷೆಯನ್ನು ತಾಯಿಯ ಮಡಿಲಲ್ಲಿ ಕಲಿತವರಲ್ಲಿ ಕೊನೆಯವರೆನಿಸಿದ ಹಿರಿಯರೊಬ್ಬರು 2013ರಲ್ಲಿ ತೀರಿಕೊಂಡರು. ಚಿಕ್ಕಂದಿನಲ್ಲಿ ಅವರನ್ನೂ ವಸತಿ ಶಾಲೆಗೆ ಕಳಿಸಿದ್ದರು. ಆದರೆ ಭಾಷೆ ಅವರೊಂದಿಗೆ ಮಣ್ಣು ಸೇರಲಿಲ್ಲ. ಅಂಥ ಹಿರಿಯರ ಮಾತುಗಳನ್ನು ಧ್ವನಿಮುದ್ರಿಸಿ, ನಿಘಂಟು ಮಾಡಿ, ಪಾಠ ಮಾಡಿದ್ದರು. ಇಂದು ಯುರೀಕಾ, ಹೂಪಾ ಮುಂತಾದ ಕಡೆ ಸರಕಾರಿ ಹೈಸ್ಕೂಲುಗಳಲ್ಲೇ ಮಕ್ಕಳು ಯುರೋಕ್ ಭಾಷೆಯನ್ನು ಒಂದು ವಿಷಯವಾಗಿ ಓದುತ್ತಾರೆ. ಹೂಪಾ ನೆನಪಿದೆಯಲ್ಲ? ಮನೆಮಾತಿಗೆ ಏಟು ಕೊಟ್ಟ ಕಣಿವೆ ಅದು. ಇಂದು ಅದೇ ಕಣಿವೆಯ ಹೈಸ್ಕೂಲಿನಲ್ಲಿ ಅದೇ ಮಾತಿಗೆ ಅಂಕ ಕೊಡುತ್ತಾರೆ. ಸಾಲ್ಮನ್ ಮೀನಿಗೆ ಆ ಭಾಷೆಯಲ್ಲಿ ‘ನೆಪುಯ್’ ಎನ್ನುತ್ತಾರೆ. ತಿನ್ನುವಂಥದ್ದು ಎಂದು ಅದರ ಅರ್ಥ. ಊಟಕ್ಕೂ ಮೀನಿಗೂ ಬೇರೆ ಮಾತೇ ಬೇಕಾಗಿರಲಿಲ್ಲ ನೋಡಿ.

ಇನ್ನು ಅಲ್ಲಿಯ ಮಕ್ಕಳ ವಿಷಯ. ಅಣೆಕಟ್ಟು ತೆಗೆಯುವ ಮೊದಲೇ ಈ ಬುಡಕಟ್ಟುಗಳ ಹದಿಹರೆಯದವರಿಗೆ ಕಯಾಕ್ ಎಂಬ ಚಿಕ್ಕ ದೋಣಿ ನಡೆಸುವ ತರಬೇತಿ ಶುರುವಾಗಿತ್ತು. ಹೊಳೆ ಬಿಡುಗಡೆಯಾದ ದಿನ ಅದರಲ್ಲಿ ಮೊದಲು ಇಳಿಯಬೇಕಾದವರು ಆ ಹೊಳೆಯ ಮಕ್ಕಳೇ ಎಂಬುದು ಯೋಚನೆ. 2025ರ ಜೂನ್ 12ರಂದು ಅವರು ಆರೆಗಾನಿನ ಉಗಮದ ಬಳಿ ನೀರಿಗಿಳಿದರು. 30 ದಿನ, ಸುಮಾರು 500 ಕಿಲೋಮೀಟರು. ಮೊದಲು ಅಣೆಕಟ್ಟುಗಳಿದ್ದ ಜಾಗಗಳನ್ನು ಹಾದು ಜುಲೈ 11ರಂದು ಸಮುದ್ರ ಮುಟ್ಟಿದರು. ಮೇಲ್ಗಡೆಯ ಕ್ಲಾಮತ್ ಹುಡುಗರು, ನಡುವಿನ ಕರುಕ್ ಹುಡುಗಿಯರು, ಹೂಪಾ, ಯುರೋಕ್ ಮಕ್ಕಳು ಒಂದೇ ಗುಂಪು. ಅವರ ಮುತ್ತಜ್ಜಂದಿರನ್ನು ಹೊಳೆಯಿಂದ ದೂರ ಒಯ್ದದ್ದೂ ಶಿಕ್ಷಣವೆಂಬ ಹೆಸರಿನಲ್ಲೇ. ಇವರನ್ನು ಹೊಳೆಗೆ ಮರಳಿ ತಂದದ್ದೂ ಶಿಕ್ಷಣವೇ. ನಿಮ್ಮ ಒಂಬತ್ತನೇ ತರಗತಿ, ಹತ್ತನೇ ತರಗತಿಯ ವಯಸ್ಸಿನವರು ಅವರಲ್ಲಿದ್ದರು.

ನಾನು ಈ ಕಥೆ ಹೇಳಿದ್ದು ನಮ್ಮ ಅಣೆಕಟ್ಟುಗಳನ್ನೆಲ್ಲ ಒಡೆಯಬೇಕು ಎಂದು ಹೇಳುವುದಕ್ಕಲ್ಲ. ಆ ನಾಲ್ಕು ಅಣೆಕಟ್ಟುಗಳ ಲೆಕ್ಕವೇ ಬೇರೆ, ನಮ್ಮ ಹೊಲಗದ್ದೆಗಳಿಗೆ ನೀರು ಕೊಡುವ ಅಣೆಕಟ್ಟುಗಳ ಲೆಕ್ಕವೇ ಬೇರೆ. ಆದರೂ ನಮ್ಮಲ್ಲಿ ಅಣೆಕಟ್ಟಿಗಾಗಿ, ಕಾಡಿಗಾಗಿ ನೆಲ ಬಿಟ್ಟವರಿದ್ದಾರೆ. ಶರಾವತಿಯ ಲಿಂಗನಮಕ್ಕಿಯಲ್ಲಿ, ಕೃಷ್ಣೆಯ ಆಲಮಟ್ಟಿಯಲ್ಲಿ ಊರು ಕಳೆದುಕೊಂಡವರಿದ್ದಾರೆ. ಕಬಿನಿ, ನಾಗರಹೊಳೆಯ ಕಡೆ ಹಾಡಿ ಬಿಟ್ಟು ಬಂದ ಜೇನುಕುರುಬರು, ಕಾಡುಕುರುಬರು ಇದ್ದಾರೆ. ಅವರ ಮಕ್ಕಳೂ ನಮ್ಮ ಸರಕಾರಿ ಶಾಲೆಗಳಿಗೇ ಬರುತ್ತಾರೆ. ಆ ಮಗು ತನ್ನ ಕಾಡಿನ ಬಗ್ಗೆ ಬಾಯಿ ಬಿಟ್ಟಾಗ ನಾವು ‘ಪಾಠದಲ್ಲಿರುವುದನ್ನು ಹೇಳು’ ಎನ್ನುತ್ತೇವೋ, ‘ಇನ್ನೂ ಹೇಳು’ ಎನ್ನುತ್ತೇವೋ? ಮೇಷ್ಟ್ರುಗಳು, ಟೀಚರುಗಳು ಇಲ್ಲಿದ್ದೀರಿ. ಶಾಲೆ ಯಾವ ಕಡೆಗೆ ನಿಂತಿದೆ ಎಂಬುದು ಆ ಒಂದು ಮಾತಿನಲ್ಲಿ ತೀರ್ಮಾನವಾಗುತ್ತದೆ.

ಮಕ್ಕಳಿಗೊಂದು ಕೆಲಸ ಹೇಳಿ ಮುಗಿಸುತ್ತೇನೆ. ರೂಪಣಾತ್ಮಕ ಮೌಲ್ಯಮಾಪನ ಬಂದಾಗ ನೀವು ಪೇಟೆಯ ಅಂಗಡಿಯಿಂದ ಬಣ್ಣದ ಪ್ರಿಂಟು ತಂದು ಚಾರ್ಟಿಗೆ ಅಂಟಿಸುತ್ತೀರಿ, ನನಗೆ ಗೊತ್ತು. ಈ ವರ್ಷ ಹಾಗೆ ಮಾಡಬೇಡಿ. ನಿಮ್ಮ ಊರಿನ ಹೊಳೆ, ಹಳ್ಳ, ಕೆರೆ ಯಾವುದಿದೆಯೋ ಅದರ ನಕಾಶೆ ಬಿಡಿಸಿ. ಅಜ್ಜ ಅಜ್ಜಿಯರ ಬಳಿ ಕುಳಿತು ಕೇಳಿ. ಯಾವ ಮಡುವಿಗೆ ಏನು ಹೆಸರು? ಸುಳಿ ಎಲ್ಲಿದೆ? ಒರತೆ ಎಲ್ಲಿತ್ತು, ಯಾವಾಗ ಬತ್ತಿತು? ಕಡವು ಎಲ್ಲಿತ್ತು? ಕೆರೆಯ ತೂಬು ಯಾರು ತೆಗೆಯುತ್ತಿದ್ದರು, ಕೋಡಿ ಬಿದ್ದಾಗ ಊರು ಏನು ಮಾಡುತ್ತಿತ್ತು? ಮೊದಲ ಮಳೆಗೆ ಯಾವ ಮೀನು ಹತ್ತುತ್ತಿತ್ತು, ಈಗಲೂ ಹತ್ತುತ್ತದೆಯೇ? ಇದನ್ನೆಲ್ಲ ಒಂದು ನೋಟ್‌ಪುಸ್ತಕದಲ್ಲಿ ಬರೆದು ಶಾಲೆಯ ಗ್ರಂಥಾಲಯದಲ್ಲಿಡಿ. ಪ್ರತಿ ವರ್ಷದ ಮಕ್ಕಳು ಅದಕ್ಕೆ ಎರಡೆರಡು ಪುಟ ಸೇರಿಸಲಿ. ಸಮಿತಿಯವರು ಆ ಪುಸ್ತಕಕ್ಕೆ ಗಟ್ಟಿಯಾದ ರಟ್ಟು ಹಾಕಿಸಿಕೊಡಲಿ. ಇದಕ್ಕೆ ಅನುದಾನ ಬೇಕಾಗಿಲ್ಲ, ಯಾರ ಅನುಮತಿಯೂ ಬೇಕಾಗಿಲ್ಲ.

ಏಕೆಂದರೆ ಒಂದು ಹೊಳೆಗೆ ಕುತ್ತು ಬಂದಾಗ ಅದರ ಪರವಾಗಿ ಮಾತಾಡಬಲ್ಲವರು ಅದರ ಹೆಸರುಗಳು ಗೊತ್ತಿರುವವರು ಮಾತ್ರ. ಕ್ಲಾಮತ್ ಉಳಿದದ್ದು ಕೋರ್ಟಿನಿಂದ, ಲೆಕ್ಕದಿಂದ, ವಿಜ್ಞಾನದಿಂದ ಹೌದು. ಆದರೆ ಅದೆಲ್ಲಕ್ಕಿಂತ ಮೊದಲು ಅಲ್ಲಿ, ಇಷ್ಟೆಲ್ಲ ಆದ ಮೇಲೂ ಮರೆಯದೆ ಉಳಿದ ಕೆಲವು ಅಜ್ಜ ಅಜ್ಜಿಯರಿದ್ದರು, ಅವರ ಬಳಿ ಕುಳಿತು ಕೇಳಿದ ಕೆಲವು ಮಕ್ಕಳಿದ್ದರು. ಈ ಶಾಲೆ ನೂರು ತುಂಬಿದಾಗ ಇಲ್ಲಿ ನಿಂತು ಮಾತಾಡುವವರು ನಿಮ್ಮಲ್ಲೇ ಯಾರೋ ಇರುತ್ತೀರಿ. ಅಂದು ನಿಮ್ಮ ಕೈಯಲ್ಲಿ ಆ ನೋಟ್‌ಪುಸ್ತಕ ಇರಲಿ, ಪಕ್ಕದ ಹಳ್ಳದಲ್ಲಿ ನೀರು ಇರಲಿ ಎಂದು ಹಾರೈಸುತ್ತೇನೆ.